ಹೆಂಗಸರು ಆಡಿದ ಮಾತು: ದೀಪಾ ಧನರಾಜ್ ಅವರ ಸಾಕ್ಷ್ಯಚಿತ್ರಗಳು

ನಿಪ್ಪಾಣಿಯ ಬಸ್ ನಿಲ್ದಾಣದಲ್ಲಿ ಇಳಿದವರಿಗೆ ಊರು ಕಣ್ಣಿಗೆ ಬೀಳುವ ಮೊದಲೇ ಮೂಗಿಗೆ ತಾಕುತ್ತಿದ್ದ ಕಾಲವೊಂದಿತ್ತು. ಅದು ತಂಬಾಕಿನ ಘಾಟು. ನಾನು ಆ ಸೀಮೆಯ ಮಠವೊಂದರ ಪ್ರಸಾದನಿಲಯದಲ್ಲಿ ಉಂಡು ಓದಿದವನು. ಪೂಜ್ಯರು ಯಾವುದಾದರೂ ಕಾರ್ಯಕ್ಕಾಗಿ ನಿಪ್ಪಾಣಿಗೆ ಕಳುಹಿಸಿದಾಗ ತಂಬಾಕಿನ ವಖಾರಿಗಳ ಮುಂದೆಯೇ ಹಾದುಹೋಗಬೇಕಾಗುತ್ತಿತ್ತು. ಸಂಜೆಯ ಹೊತ್ತಿಗೆ ದೊಡ್ಡ ಬಾಗಿಲು ತೆರೆದು ಹೆಂಗಸರು ಗುಂಪುಗುಂಪಾಗಿ ಹೊರಬರುತ್ತಿದ್ದರು. ತಲೆಗೂದಲು, ಹುಬ್ಬು, ಸೀರೆಯ ನೆರಿಗೆ, ಎಲ್ಲಕ್ಕೂ ಒಂದೇ ಕಂದುಬಣ್ಣದ ಧೂಳು. ನಾವು ಹುಡುಗರು ವಲ್ಲಿಯಿಂದ ಮೂಗು ಮುಚ್ಚಿಕೊಂಡು ಬೇಗಬೇಗ ಹೆಜ್ಜೆ ಹಾಕುತ್ತಿದ್ದೆವು. ಆ ತಾಯಂದಿರು ಒಳಗೆ ಏನು ಮಾಡುತ್ತಾರೆ, ಎಷ್ಟು ಹೊತ್ತು ದುಡಿಯುತ್ತಾರೆ, ಕೈಗೆ ಎಷ್ಟು ಕೂಲಿ ಬೀಳುತ್ತದೆ ಎಂದು ಒಮ್ಮೆಯಾದರೂ ವಿಚಾರಿಸಬೇಕೆಂಬುದು ನಮಗೆ ಹೊಳೆಯಲೇ ಇಲ್ಲ.

ಆ ಬಾಗಿಲಿನ ಒಳಭಾಗವನ್ನು ನಾನು ಕಂಡದ್ದು ಸುಮಾರು ಐವತ್ತು ವರ್ಷಗಳ ತರುವಾಯ, ಬೆಂಗಳೂರಿನ ಚಾಮರಾಜಪೇಟೆಯ ನಮ್ಮ ಮನೆಯ ಪಡಸಾಲೆಯಲ್ಲಿ ಕುಳಿತು. ಪದವಿ ತರಗತಿಗೆ ಸೇರಿರುವ ಮೊಮ್ಮಗಳು ತನ್ನ ಕಂಪ್ಯೂಟರಿನಲ್ಲಿ ಇಪ್ಪತ್ತೈದು ನಿಮಿಷಗಳ ಒಂದು ಕಪ್ಪುಬಿಳುಪಿನ ಚಿತ್ರವನ್ನು ಹಚ್ಚಿದಳು. ಅದರಲ್ಲಿನ ಮರಾಠಿ ಮಾತುಗಳನ್ನು ಕನ್ನಡದಲ್ಲಿ ಹೇಳುವುದು ನನ್ನ ಪಾಲಿನ ಕೆಲಸ. ಅದೇ ವಖಾರಿ, ಅದೇ ಧೂಳು. ಮುಖಕ್ಕೆ ಬಟ್ಟೆ ಸುತ್ತಿಕೊಂಡು ತಂಬಾಕನ್ನು ಕುಟ್ಟುವ, ಜರಡಿ ಹಿಡಿಯುವ ಕೈಗಳು. ಚಿತ್ರ ನಡೆಯುತ್ತಿರುವಾಗಲೇ ಮೊಮ್ಮಗಳು ಕೇಳಿದಳು: “ಅಜ್ಜಾ, ನೀವು ಆ ಕಡೆಯವರೇ ಅಲ್ಲವೇ? ಇದನ್ನೆಲ್ಲ ಆಗಲೇ ನೋಡಿದ್ದಿರಾ?” ನಾನು ಉತ್ತರ ಕೊಡದೆ ಮುಂದಿನ ವಾಕ್ಯವನ್ನು ಅನುವಾದಿಸಿದೆ.

ಚಿತ್ರದ ಹೆಸರು ‘ತಂಬಾಕು ಚಾಕಿಲಾ ಊಬ್ ಆಲಿ’, ತಯಾರಾದದ್ದು ೧೯೮೨ರಲ್ಲಿ. ಅದನ್ನು ನಿರ್ದೇಶಿಸಿದ ದೀಪಾ ಧನರಾಜ್ ಅವರು ೧೯೫೩ರಲ್ಲಿ ಹೈದರಾಬಾದಿನಲ್ಲಿ ಹುಟ್ಟಿ, ಬೆಂಗಳೂರನ್ನೇ ತಮ್ಮ ಕಾರ್ಯಕ್ಷೇತ್ರವನ್ನಾಗಿ ಮಾಡಿಕೊಂಡವರು. ನಮ್ಮ ನಗರದಲ್ಲಿಯೇ ಇದ್ದುಕೊಂಡು ನಾಲ್ಕು ದಶಕಗಳಿಗೂ ಮಿಕ್ಕಿ ಸಾಕ್ಷ್ಯಚಿತ್ರಗಳನ್ನು ನಿರ್ಮಿಸಿರುವ ಈ ಮಹಿಳೆಯ ಹೆಸರು ನಮ್ಮ ಮನೆಗಳಲ್ಲಿ ಕೇಳಿಬರುವುದು ಅಪರೂಪ. ಚಿತ್ರವೆಂದರೆ ನಾಯಕ, ನಾಯಕಿ, ಹಾಡು ಎಂದು ತಿಳಿದಿರುವ ನಮಗೆ ಸಾಕ್ಷ್ಯಚಿತ್ರವೆಂದರೆ ಹಿಂದೆ ಚಿತ್ರಮಂದಿರಗಳಲ್ಲಿ ಮುಖ್ಯಚಿತ್ರಕ್ಕೆ ಮೊದಲು ತೋರಿಸುತ್ತಿದ್ದ ಸರ್ಕಾರಿ ವಾರ್ತಾಚಿತ್ರದ ನೆನಪು. ಅಣೆಕಟ್ಟಿನ ಉದ್ಘಾಟನೆ, ಮಂತ್ರಿಗಳ ಹಸ್ತದಿಂದ ಹಾರ, ಹಿನ್ನೆಲೆಯಲ್ಲಿ ಒಂದು ಗಂಭೀರ ಗಂಡುಧ್ವನಿ. ಆ ಧ್ವನಿ ಎಲ್ಲವನ್ನೂ ಬಲ್ಲದು. ತೆರೆಯ ಮೇಲಿನ ಜನ ಮಾತ್ರ ಮೂಕರು.

ದೀಪಾ ಅವರು ಮತ್ತು ಅವರ ಸಂಗಡಿಗರು ಮೊದಲು ಕೈಬಿಟ್ಟದ್ದು ಆ ಧ್ವನಿಯನ್ನು. ೧೯೭೫ರಿಂದ ೧೯೭೭ರವರೆಗಿನ ತುರ್ತುಪರಿಸ್ಥಿತಿ ಮುಗಿದ ಮೇಲೆ ದೇಶದ ನಾನಾ ಕಡೆ ಹೆಂಗಸರ ಸಂಘಟನೆಗಳು ತಲೆಯೆತ್ತುತ್ತಿದ್ದವು. ೧೯೮೦ರಲ್ಲಿ ದೀಪಾ ಧನರಾಜ್, ಆಭಾ ಭಯ್ಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವ್ರೋಜ್ ಕಾಂಟ್ರಾಕ್ಟರ್ ಅವರು ಸೇರಿ ‘ಯುಗಾಂತರ್’ ಎಂಬ ತಂಡವನ್ನು ಕಟ್ಟಿದರು. ಭಾರತದಲ್ಲಿ ಸ್ತ್ರೀವಾದಿ ದೃಷ್ಟಿಯಿಂದ ಚಿತ್ರ ತಯಾರಿಸಲು ಹುಟ್ಟಿದ ಮೊದಲ ತಂಡವೆಂದು ಅದನ್ನು ಗುರುತಿಸುತ್ತಾರೆ. ೧೯೮೩ರ ವೇಳೆಗೆ ಅದು ನಾಲ್ಕು ಚಿತ್ರಗಳನ್ನು ಕೊಟ್ಟಿತು. ನಾಲ್ಕೂ ಕಿರುಚಿತ್ರಗಳೇ. ಕ್ಯಾಮೆರಾ ಹೊತ್ತುಕೊಂಡು ಹೋಗಿ ಎರಡು ದಿನಗಳಲ್ಲಿ ಕೆಲಸ ಮುಗಿಸಿ ಮರಳುವ ಪದ್ಧತಿ ಅವರದಾಗಿರಲಿಲ್ಲ. ನಿಪ್ಪಾಣಿಯ ಚಿತ್ರಕ್ಕಾಗಿ ಆ ಹೆಂಗಸರೊಡನೆ ನಾಲ್ಕು ತಿಂಗಳು ಕಳೆದರು. ಅವರ ಕಷ್ಟವನ್ನು ಅವರ ಬಾಯಿಂದಲೇ ಕೇಳಿ, ಯಾವುದನ್ನು ತೋರಿಸಬೇಕೆಂಬುದನ್ನು ಅವರೊಂದಿಗೆ ಕುಳಿತು ಚರ್ಚಿಸಿ, ಆಮೇಲೆ ಚಿತ್ರವನ್ನು ರೂಪಿಸಿದರು.

ನಿಪ್ಪಾಣಿಯ ಚರಿತ್ರೆಯನ್ನು ಬಲ್ಲವರಿಗೆ ೧೯೮೧ನೆಯ ಇಸವಿ ಚೆನ್ನಾಗಿ ನೆನಪಿರುತ್ತದೆ. ಶರದ್ ಜೋಶಿಯವರ ಮುಂದಾಳುತನದಲ್ಲಿ ತಂಬಾಕು ಬೆಳೆಗಾರರು ಪುಣೆ–ಬೆಂಗಳೂರು ಹೆದ್ದಾರಿಯಲ್ಲಿ ಧರಣಿ ಕುಳಿತದ್ದು, ಗೋಲೀಬಾರಿನಲ್ಲಿ ರೈತರು ಪ್ರಾಣ ತೆತ್ತದ್ದು ಪತ್ರಿಕೆಗಳಲ್ಲಿ ಬಂದಿತು. ಇಂದಿಗೂ ಜನ ಸ್ಮರಿಸುತ್ತಾರೆ. ರೈತನು ಬೆಳೆದ ಆ ಎಲೆಯನ್ನು ವಖಾರಿಯ ಒಳಗೆ ಬೀಡಿಗೆ ಹದಗೊಳಿಸುತ್ತಿದ್ದ ಸಾವಿರಾರು ಹೆಂಗಸರೂ ಅದೇ ಕಾಲದಲ್ಲಿ ಸಂಘ ಕಟ್ಟುತ್ತಿದ್ದರೆಂಬುದನ್ನು ಮಾತ್ರ ಆ ಸೀಮೆಯವನಾದ ನಾನೇ ಅರಿಯದೆ ಹೋದೆ. ಕೂಲಿ ಸಾಲದು, ದುಡಿಮೆಗೆ ಹೊತ್ತುಗೊತ್ತಿಲ್ಲ, ಮೇಲ್ವಿಚಾರಕರ ನಡತೆ ಸರಿಯಿಲ್ಲ: ಇವೇ ಅವರ ದೂರುಗಳು. ಚಿತ್ರದಲ್ಲಿ ಅವರು ಅಳುತ್ತ ಹೇಳುವುದಿಲ್ಲ. ಸಭೆಯಲ್ಲಿ ಕುಳಿತು, ಒಬ್ಬರ ಮಾತಿಗೆ ಮತ್ತೊಬ್ಬರು ಜೋಡಿಸಿ, ನಡುನಡುವೆ ನಗುತ್ತ ಹೇಳುತ್ತಾರೆ. ಹಸಿವು, ಅವಮಾನಗಳನ್ನು ಕಂಡವರು ನಗಲಾರರೆಂದು ಭಾವಿಸಿರುವುದು ಅವನ್ನು ಕಾಣದ ನಮ್ಮಂಥವರ ಕಲ್ಪನೆಯಿರಬೇಕು.

ಯುಗಾಂತರದ ಮೊದಲ ಚಿತ್ರ ‘ಮೋಲ್ಕರೀಣ್’ ೧೯೮೧ರದು. ಮನೆಗೆಲಸದಾಕೆ ಎಂಬುದು ಆ ಮರಾಠಿ ಪದದ ಅರ್ಥ. ಪುಣೆ ನಗರದ ಮನೆಗೆಲಸದ ಹೆಂಗಸರು ೧೯೮೦ರಲ್ಲಿ ಕೆಲಸ ನಿಲ್ಲಿಸಿ ಬೀದಿಗಿಳಿದು, ತಮ್ಮದೇ ಸಂಘವನ್ನು ಕಟ್ಟಿಕೊಂಡ ವೃತ್ತಾಂತ ಅದರಲ್ಲಿದೆ. ಇದನ್ನು ನೋಡುತ್ತಿದ್ದ ದಿನ ನಮ್ಮ ಮನೆಯಲ್ಲಿ ಪಾತ್ರೆ ತೊಳೆದು ನೆಲ ಒರೆಸುವ ಹೆಣ್ಣುಮಗಳು ಕೈಯಲ್ಲಿ ಒರೆಸುವ ಬಟ್ಟೆಯನ್ನು ಹಿಡಿದುಕೊಂಡೇ ಬಾಗಿಲಲ್ಲಿ ನಿಂತು ನೋಡಿದಳು. ನನ್ನ ಅನುವಾದ ಅವಳ ಕಿವಿಗೂ ಬೀಳುತ್ತಿತ್ತು. ಚಿತ್ರ ಮುಗಿದಾಗ, “ಆಮೇಲೆ ಅವರಿಗೆ ರಜಾ ಕೊಟ್ಟರಾ ಸ್ವಾಮಿ?” ಎಂದಳು. ಚಾಮರಾಜಪೇಟೆ, ಬಸವನಗುಡಿ, ಮಲ್ಲೇಶ್ವರಗಳ ನಮ್ಮಂಥ ಗೃಹಸ್ಥರ ಮನೆಗಳು ನಸುಕಿನಲ್ಲಿ ಬರುವ ಇಂಥ ಹೆಣ್ಣುಮಕ್ಕಳ ದುಡಿಮೆಯ ಮೇಲೆಯೇ ನಡೆಯುತ್ತಿವೆ. ಇಷ್ಟಲಿಂಗ ಪೂಜೆಗೆ ಕೂರುವ ಕೋಣೆಯನ್ನು ಸಾರಿಸುವವಳೂ ಅವಳೇ. ಕರ್ನಾಟಕ ಸರ್ಕಾರವು ೨೦೦೪ರಲ್ಲಿ ಮನೆಗೆಲಸದವರಿಗೂ ಕನಿಷ್ಠ ಕೂಲಿಯನ್ನು ಗೊತ್ತುಪಡಿಸಿತು. ಅಂಥದೊಂದು ಆಜ್ಞೆ ಇರುವುದು ನಮ್ಮ ಮನೆಯಲ್ಲಿ ಅವಳಿಗೂ ತಿಳಿದಿರಲಿಲ್ಲ, ನನಗೂ ತಿಳಿದಿರಲಿಲ್ಲ. ಕಾಯಕದ ಮಹಿಮೆಯನ್ನು ಕುರಿತು ವರ್ಷಕ್ಕೆ ಹತ್ತಾರು ಉಪನ್ಯಾಸ ಮಾಡುವವನು ನಾನು. ಅವಳ ಪ್ರಶ್ನೆಗೆ ಅಂದು ಸರಿಯಾದ ಉತ್ತರ ಕೊಡಲಾರದೆ ಹೋದೆ. ಆ ಬಳಿಕ ವಾರಕ್ಕೊಂದು ದಿನದ ರಜೆಯನ್ನು ನಮ್ಮ ಮನೆಯವರೇ ನಿಶ್ಚಯಿಸಿದರು.

ಉಳಿದ ಎರಡು ಚಿತ್ರಗಳೂ ೧೯೮೩ರವು. ‘ಇದಿ ಕಥಾ ಮಾತ್ರಮೇನಾ’ ಎಂಬುದು ತೆಲುಗಿನದು. ಹೈದರಾಬಾದಿನ ಸ್ತ್ರೀಶಕ್ತಿ ಸಂಘಟನೆಯವರೊಡನೆ ಸೇರಿ, ಮಧ್ಯಮವರ್ಗದ ಮನೆಯೊಳಗಿನ ಹೊಡೆತಬಡಿತವನ್ನು ಕಥೆಯ ರೂಪದಲ್ಲಿ ತೋರಿಸಿದುದು. ಗಂಡ ಮತ್ತು ಅವನ ಕಡೆಯವರ ಕ್ರೌರ್ಯವನ್ನು ಅಪರಾಧವೆಂದು ಪರಿಗಣಿಸುವ ೪೯೮-ಎ ಕಲಮು ದಂಡಸಂಹಿತೆಗೆ ಸೇರಿದ್ದು ಅದೇ ವರ್ಷ. ಅಲ್ಲಿಯವರೆಗೆ ಅದು ‘ಮನೆಯ ವಿಷಯ’ ಎಂದೇ ಎಲ್ಲರ ತಿಳಿವಳಿಕೆ. ‘ಸುದೇಶಾ’ ಎಂಬುದು ಹಿಮಾಲಯದ ತಪ್ಪಲಿನ ಚಿಪ್ಕೋ ಚಳವಳಿಯಲ್ಲಿ ನಿಂತ ಗ್ರಾಮೀಣ ಮಹಿಳೆಯೊಬ್ಬರನ್ನು ಕುರಿತದ್ದು. ಆ ಬಳಿಕ ೧೯೮೪ರ ಹೈದರಾಬಾದಿನ ಕೋಮುಗಲಭೆಯನ್ನು ಒಳಗಿನಿಂದ ಕಂಡು ತೆಗೆದ ‘ಕ್ಯಾ ಹುವಾ ಇಸ್ ಶಹರ್ ಕೋ’ ೧೯೮೬ರಲ್ಲಿ ಬಂದಿತು. ಮೆರವಣಿಗೆಗಳ ಹಿಂದೆ ಯಾರ ಲೆಕ್ಕಾಚಾರ ಕೆಲಸ ಮಾಡುತ್ತದೆ, ನಿಷೇಧಾಜ್ಞೆಯ ದಿನಗಳಲ್ಲಿ ಯಾರ ಒಲೆ ಆರುತ್ತದೆ ಎಂಬುದು ಅದರ ವಿಷಯ.

ನಾನು ಹೆಚ್ಚು ಹೊತ್ತು ನಿಲ್ಲಬೇಕಾದದ್ದು ೧೯೯೧ರ ಚಿತ್ರದ ಬಳಿ. ‘ಸಮ್‌ಥಿಂಗ್ ಲೈಕ್ ಎ ವಾರ್’ ಎಂದು ಅದರ ಹೆಸರು. ಒಂದು ಬಗೆಯ ಯುದ್ಧ ಎನ್ನಬಹುದು. ವಿಷಯ ನಮ್ಮ ದೇಶದ ಕುಟುಂಬಯೋಜನೆ.

ಸಂತಾನ ನಿಯಂತ್ರಣದ ವಿಚಾರದಲ್ಲಿ ನಮ್ಮ ನಾಡು ಹಿಂದೆ ಬಿದ್ದದ್ದಲ್ಲ. ೧೯೩೦ರಷ್ಟು ಹಿಂದೆಯೇ ಮೈಸೂರು ಸಂಸ್ಥಾನದ ಸರ್ಕಾರವು ಬೆಂಗಳೂರು, ಮೈಸೂರುಗಳಲ್ಲಿ ಇದಕ್ಕೆಂದು ಚಿಕಿತ್ಸಾಲಯಗಳನ್ನು ತೆರೆಯಿತು. ಬೇಕಾದ ಹೆಂಗಸು ತಾನಾಗಿ ಬಂದು ಸಲಹೆ ಪಡೆಯಲಿ ಎಂಬುದು ಅಂದಿನ ಉದ್ದೇಶ. ೧೯೫೨ರಲ್ಲಿ ಸ್ವತಂತ್ರ ಭಾರತ ಇದನ್ನು ರಾಷ್ಟ್ರೀಯ ಕಾರ್ಯಕ್ರಮವನ್ನಾಗಿ ಕೈಗೊಂಡಿತು. ಬರಬರುತ್ತ ಸಲಹೆಯ ಜಾಗದಲ್ಲಿ ಗುರಿ ಬಂದು ಕುಳಿತಿತು. ತುರ್ತುಪರಿಸ್ಥಿತಿಯ ೧೯೭೬–೭೭ನೆಯ ಒಂದೇ ಸಾಲಿನಲ್ಲಿ ಸುಮಾರು ೮೩ ಲಕ್ಷ ಶಸ್ತ್ರಚಿಕಿತ್ಸೆಗಳು ನಡೆದವು. ಅವುಗಳಲ್ಲಿ ೬೨ ಲಕ್ಷದಷ್ಟು ಗಂಡಸರವು. ಗಂಡಸರು ಸಿಟ್ಟಾದರು, ಸರ್ಕಾರ ಬಿದ್ದಿತು. ಮುಂದಿನ ಸರ್ಕಾರಗಳು ಕಲಿತ ಪಾಠವೆಂದರೆ ಗಂಡಸರ ತಂಟೆಗೆ ಹೋಗಬಾರದೆಂಬುದು. ಆ ಹೊರೆಯೆಲ್ಲವೂ ಹೆಂಗಸರ ಹೊಟ್ಟೆಯ ಮೇಲೆ ಬಿದ್ದಿತು. ೨೦೧೯–೨೧ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಂತೆ ವಿವಾಹಿತ ಸ್ತ್ರೀಯರಲ್ಲಿ ನೂರಕ್ಕೆ ೩೭.೯ ಮಂದಿ ಈ ಚಿಕಿತ್ಸೆ ಮಾಡಿಸಿಕೊಂಡವರು. ಗಂಡಸರ ಚಿಕಿತ್ಸೆಯನ್ನು ಅವಲಂಬಿಸಿದ ದಂಪತಿಗಳು ನೂರಕ್ಕೆ ೦.೩. ಗಂಡಸರಿಗೆ ಮಾಡುವ ಚಿಕಿತ್ಸೆಯೇ ಸುಲಭ, ಅದರಲ್ಲಿ ಅಪಾಯವೂ ಕಡಿಮೆ ಎಂದು ವೈದ್ಯರು ಹೇಳುತ್ತಲೇ ಬಂದಿದ್ದಾರೆ.

ಚಿತ್ರದಲ್ಲಿ ಶಿಬಿರದ ದೃಶ್ಯಗಳಿವೆ. ಹೆಂಗಸರನ್ನು ಸಾಲಾಗಿ ಮಲಗಿಸುತ್ತಾರೆ. ವೈದ್ಯರು ತಮ್ಮ ಕೈಚಳಕವನ್ನೂ ತಾವು ಮುಗಿಸಿದ ಚಿಕಿತ್ಸೆಗಳ ಸಂಖ್ಯೆಯನ್ನೂ ಹೆಮ್ಮೆಯಿಂದ ಹೇಳುತ್ತಾರೆ. ಅದಕ್ಕೆದುರಾಗಿ ಇನ್ನೊಂದು ದೃಶ್ಯವಿದೆ. ಹಳ್ಳಿಯ ಹೆಂಗಸರು ಗುಂಪಾಗಿ ಕುಳಿತು, ಹೆಣ್ಣಿನ ದೇಹದ ಚಿತ್ರವೊಂದನ್ನು ಬರೆದುಕೊಂಡು, ಮುಟ್ಟು, ಬಸಿರು, ನೋವು, ಆಸೆ ಇವನ್ನೆಲ್ಲ ತಮ್ಮ ಮಾತಿನಲ್ಲಿ ಹೇಳಿಕೊಳ್ಳುತ್ತಾರೆ. ಆಗ ನಾನು ಸಂಕೋಚದಿಂದ ಎದ್ದು ಹೋಗಲು ನೋಡಿದೆ. ನಮ್ಮ ಮನೆಯವರು, “ಕೂಡ್ರಿ, ನೀವೂ ಕೇಳ್ರಿ” ಎಂದರು.

ಇಲ್ಲಿ ನನ್ನ ಮನೆಯ ಸಂಗತಿಯೊಂದನ್ನು ಹೇಳದೆ ಮುಂದೆ ಹೋಗುವಂತಿಲ್ಲ. ೧೯೮೭ರಲ್ಲಿ ನಾನು ಒಂದು ಹಳ್ಳಿಯ ಪ್ರೌಢಶಾಲೆಯಲ್ಲಿ ಕನ್ನಡ ಅಧ್ಯಾಪಕನಾಗಿದ್ದೆ. ವರ್ಷದ ಕೊನೆ ಸಮೀಪಿಸಿದಂತೆ ಮೇಲಿನಿಂದ ಒತ್ತಡ ಬರುತ್ತಿತ್ತು: ಪ್ರತಿಯೊಬ್ಬ ಶಿಕ್ಷಕನೂ ಇಷ್ಟು ‘ಕೇಸು’ ತರಬೇಕು. ಕೇಸು ಎಂದರೆ ಶಸ್ತ್ರಚಿಕಿತ್ಸೆಗೆ ಒಪ್ಪುವ ಒಂದು ಹೆಣ್ಣು. ಊರಿನ ಮನೆಮನೆಗೆ ಹೋಗಿ ಇದನ್ನು ಕೇಳಲು ನನಗೆ ನಾಚಿಕೆ. ನಮಗೆ ಮೂರನೆಯ ಮಗು ಹುಟ್ಟಿ ಕೆಲವು ತಿಂಗಳಾಗಿದ್ದವು. ಶಾಲೆಯೊಂದರಲ್ಲಿ ಏರ್ಪಡಿಸಿದ್ದ ಶಿಬಿರಕ್ಕೆ ನಮ್ಮ ಮನೆಯವರನ್ನೇ ಕರೆದುಕೊಂಡು ಹೋದೆ. ನನ್ನ ಲೆಕ್ಕಕ್ಕೆ ಒಂದು ಕೇಸು ಸಂದಿತು. ಮಕ್ಕಳು ಸಾಕೆಂಬುದು ಇಬ್ಬರ ಅಭಿಪ್ರಾಯವೂ ಆಗಿದ್ದೀತು. ಅವರನ್ನು ಕೇಳಿ ತಿಳಿದದ್ದಂತೂ ಅಲ್ಲ. ಮುಂದೆ ಎರಡು ವರ್ಷ ಅವರು ಹೊಟ್ಟೆನೋವಿನಿಂದ ಬಳಲಿದರು. ಅದನ್ನು ನಾನು ಅಜೀರ್ಣವೆಂದು ತಿಳಿದು ಕಷಾಯ ಮಾಡಿಸಿಕೊಟ್ಟೆ.

ಚಿತ್ರ ಮುಗಿದ ಮೇಲೆ ಮೊಮ್ಮಗಳು ಒಳಗೆ ಹೋದಳು. ಆಗ ಅವರು ಹೇಳಿದ ಮಾತನ್ನು ಇದ್ದ ಹಾಗೆಯೇ ಬರೆಯುತ್ತೇನೆ. “ಅವತ್ತ ಫಾರ್ಮಿನ ಮ್ಯಾಲ ನೀವು ಸಹಿ ಮಾಡಿದ್ರಿ. ನನ್ನ ಹೆಬ್ಬಟ್ಟು ಒತ್ತಿಸಿಕೊಂಡ್ರು. ನಾನು ಏಳನೇತ್ತ ಓದಿದಾಕಿ, ನನಗ ಸಹಿ ಮಾಡಾಕ ಬರ್ತಿತ್ತು. ಯಾರೂ ಕೇಳಲಿಲ್ಲ, ನೀವೂ ಹೇಳಲಿಲ್ಲ.” ಮೂವತ್ತೈದು ವರ್ಷಗಳಿಗೂ ಹೆಚ್ಚು ಕಾಲ ಅವರು ಇದನ್ನು ಆಡಿರಲಿಲ್ಲ. ಇದನ್ನು ಬರೆಯಬಹುದೇ ಎಂದು ಈಗ ಕೇಳಿದೆ. “ಬರೀರಿ, ಸಹಿ ವಿಷಯ ಬಿಡಬ್ಯಾಡ್ರಿ” ಎಂದರು.

ಗುರಿ ನಿಗದಿಪಡಿಸುವ ಪದ್ಧತಿಯನ್ನು ಕೇಂದ್ರ ಸರ್ಕಾರ ೧೯೯೬ರಲ್ಲಿ ಕೈಬಿಟ್ಟಿತು. ಆದರೂ ಶಿಬಿರಗಳು ಮುಂದುವರಿದವು. ೨೦೧೪ರ ನವೆಂಬರಿನಲ್ಲಿ ಛತ್ತೀಸಗಢದ ಬಿಲಾಸಪುರದಲ್ಲಿ ಇಂಥ ಶಿಬಿರಗಳಿಗೆ ಹೋದ ಹತ್ತಕ್ಕೂ ಹೆಚ್ಚು ಹೆಂಗಸರು ಸತ್ತರು. ೨೦೧೬ರ ಸೆಪ್ಟೆಂಬರಿನಲ್ಲಿ ಸರ್ವೋಚ್ಚ ನ್ಯಾಯಾಲಯವು ಮೂರು ವರ್ಷಗಳೊಳಗೆ ಶಿಬಿರಗಳನ್ನು ನಿಲ್ಲಿಸಬೇಕೆಂದು ಆಜ್ಞಾಪಿಸಿತು. ದೀಪಾ ಅವರ ಚಿತ್ರ ಬಂದು ಆಗಲೇ ಕಾಲು ಶತಮಾನವಾಗಿತ್ತು. ಬಡತನಕ್ಕೆ ಬಡವರ ಸಂತಾನವೇ ಕಾರಣವೆಂಬ ವಾದವನ್ನು ಅವರು ೧೯೯೪ರ ‘ದಿ ಲೆಗಸಿ ಆಫ್ ಮಾಲ್ಥಸ್’ ಚಿತ್ರದಲ್ಲಿ ಮತ್ತೂ ಕೆದಕಿದ್ದಾರೆ. ಇಲ್ಲಿ ನನ್ನದೊಂದು ಭಿನ್ನಾಭಿಪ್ರಾಯವಿದೆ. ಯುದ್ಧವೆಂಬ ಹೋಲಿಕೆ ಸ್ವಲ್ಪ ಖಾರವಾಯಿತೇನೋ. ಗುರಿಯ ಭಾರದಡಿ ನಲುಗುತ್ತಿದ್ದ ದಾದಿಯರನ್ನೂ ನಾನು ಕಂಡಿದ್ದೇನೆ. ಅವರೂ ಯಾರದೋ ಆಜ್ಞೆಗೆ ಓಡುತ್ತಿದ್ದವರೇ. ಮಕ್ಕಳು ಸಾಕೆಂದು ಗಂಡನಿಗೆ ಹೇಳಲಾರದ ಹೆಂಗಸರು ಅವರ ಬಳಿಯೇ ಗುಟ್ಟಾಗಿ ಬರುತ್ತಿದ್ದದ್ದೂ ಉಂಟು. ಇದನ್ನು ಹೇಳಿದಾಗ ನಮ್ಮ ಮನೆಯವರು ಒಪ್ಪಲಿಲ್ಲ.

ಕರ್ನಾಟಕದ ಪಂಚಾಯಿತಿಗಳಿಗೆ ಆಯ್ಕೆಯಾದ ಹೆಂಗಸರನ್ನು ಕುರಿತೂ ಅವರು ಚಿತ್ರ ಮಾಡಿದ್ದಾರೆ. ಈ ವಿಷಯದಲ್ಲಿ ನಮ್ಮ ರಾಜ್ಯಕ್ಕೆ ಹೆಮ್ಮೆ ಸಲ್ಲಬೇಕು. ೧೯೮೩ರ ಶಾಸನದ ಮೂಲಕ ಹೆಂಗಸರಿಗೆ ನಾಲ್ಕನೆಯ ಒಂದು ಪಾಲು ಸ್ಥಾನ ಮೀಸಲಿಟ್ಟು, ೧೯೮೭ರಲ್ಲಿ ಚುನಾವಣೆ ನಡೆಸಿದ ನಾಡು ಇದು. ಸಂವಿಧಾನದ ೭೩ನೆಯ ತಿದ್ದುಪಡಿ ಜಾರಿಗೆ ಬಂದದ್ದು ೧೯೯೩ರಲ್ಲಿ.

ಸರ್ಕಾರದ ಪಂಚಾಯಿತಿಯಲ್ಲಿ ಹೆಂಗಸರಿಗೆ ಕುರ್ಚಿ ದೊರೆಯಿತು. ಸಮುದಾಯದ ಪಂಚಾಯಿತಿಯ ಗತಿಯೇನು? ಈ ಪ್ರಶ್ನೆಯನ್ನು ಎತ್ತುವುದು ೨೦೧೧ರ ‘ಇನ್ವೋಕಿಂಗ್ ಜಸ್ಟಿಸ್’. ತಮಿಳುನಾಡಿನ ಮುಸ್ಲಿಂ ಕುಟುಂಬಗಳ ವ್ಯಾಜ್ಯಗಳನ್ನು ಮಸೀದಿಯ ಜಮಾತ್ ತೀರ್ಮಾನಿಸುತ್ತದೆ. ಅಲ್ಲಿ ಕೂರುವವರು ಗಂಡಸರು ಮಾತ್ರ. ಯಾವ ಹೆಂಗಸಿನ ಬಾಳು ಅಲ್ಲಿ ತೀರ್ಮಾನವಾಗುತ್ತದೆಯೋ ಆಕೆಗೇ ಒಳಗೆ ಬಂದು ತನ್ನ ಮಾತು ಹೇಳುವ ಅವಕಾಶವಿರುವುದಿಲ್ಲ. ಪುದುಕ್ಕೋಟೆಯ ಷರೀಫಾ ಖಾನಂ ಮತ್ತು ಅವರ ಸಂಗಡಿಗರು ೨೦೦೪ರಲ್ಲಿ ಹೆಂಗಸರದೇ ಒಂದು ಜಮಾತನ್ನು ಸ್ಥಾಪಿಸಿದರು. ಚಿತ್ರ ತಯಾರಾಗುವ ವೇಳೆಗೆ ಅದು ಹನ್ನೆರಡು ಜಿಲ್ಲೆಗಳಿಗೆ ಹಬ್ಬಿ, ಹನ್ನೆರಡು ಸಾವಿರ ಸದಸ್ಯೆಯರನ್ನು ಪಡೆದಿತ್ತು. ತಲಾಖ್, ವರದಕ್ಷಿಣೆ, ಗಂಡನ ಮನೆಯಲ್ಲಿ ಸಂಭವಿಸಿದ ಸಾವು, ಯಾವ ವಿಷಯವಾದರೂ ಅವರು ಕುಳಿತು ಕೇಳುತ್ತಾರೆ, ಕಾಗದಪತ್ರ ಕೂಡಿಸುತ್ತಾರೆ, ಗಂಡಸರ ಜಮಾತಿಗೂ ಪೊಲೀಸ್ ಠಾಣೆಗೂ ನಡೆದು ಹೋಗಿ ವಾದಿಸುತ್ತಾರೆ. ತಮ್ಮ ಧರ್ಮವನ್ನು ಅವರು ಬಿಟ್ಟವರಲ್ಲ. ಧರ್ಮದ ಹೆಸರಿನಲ್ಲಿ ಕೊಟ್ಟ ತೀರ್ಪು ಸರಿಯೇ ಎಂದು ಕೇಳುವವರು.

‘ಅದು ಅವರ ಸಮಾಜದ ಮಾತು, ನಮಗೇಕೆ’ ಎನ್ನುವವರಿದ್ದಾರೆ. ತರುಣನಾಗಿದ್ದಾಗ ನಾನು ನಮ್ಮದೇ ಮಠದ ಜಗಲಿಯಲ್ಲಿ ನಡೆಯುತ್ತಿದ್ದ ನ್ಯಾಯಪಂಚಾಯಿತಿಗಳಲ್ಲಿ ಬರವಣಿಗೆಯ ಕೆಲಸ ಮಾಡಿದವನು. ಹಿರಿಯರು ಸಜ್ಜನರೇ, ಲಂಚ ತಿಂದವರಲ್ಲ. ಗಂಡನ ಕಡೆಯವರು ಒಂದು ಸಾಲು, ಹೆಣ್ಣಿನ ತಂದೆ, ಸೋದರಮಾವಂದಿರು ಇನ್ನೊಂದು ಸಾಲು. ಆ ಹೆಣ್ಣುಮಗಳು ಒಳಗೆ ದಾಸೋಹದ ಮನೆಯಲ್ಲಿ ಹೆಂಗಸರ ನಡುವೆ ಕುಳಿತಿರುತ್ತಿದ್ದಳು. ‘ಹೊಂದಿಕೊಂಡು ಬಾಳತಕ್ಕದ್ದು’ ಎಂಬ ತೀರ್ಪನ್ನು ನಾನೇ ಅನೇಕ ಸಲ ಬರೆದಿದ್ದೇನೆ, ದುಂಡಾದ ಅಕ್ಷರಗಳಲ್ಲಿ. ಓದಿ ಹೇಳಲು ಯಾರಾದರೂ ಒಳಗೆ ಹೋಗುತ್ತಿದ್ದರು. ಹನ್ನೆರಡನೆಯ ಶತಮಾನದ ಅನುಭವ ಮಂಟಪದಲ್ಲಿ ಶರಣೆಯರು ಶರಣರಿಗೆ ಸಮಾನವಾಗಿ ಕುಳಿತು ವಾದಿಸಿದರೆಂದು ಅದೇ ಜಗಲಿಯ ಮೇಲೆ ಬಸವಜಯಂತಿಯಂದು ಭಾಷಣವನ್ನೂ ಮಾಡಿದ್ದೇನೆ. ಎರಡಕ್ಕೂ ನಡುವೆ ಏನಾದರೂ ಸಂಬಂಧವಿರಬಹುದೆಂದು ಆಗ ತೋಚಿದ್ದಿಲ್ಲ.

ಅವರ ೨೦೧೮ರ ಚಿತ್ರ ‘ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ’. ಹೈದರಾಬಾದ್ ವಿಶ್ವವಿದ್ಯಾಲಯದ ಸಂಶೋಧನಾ ವಿದ್ಯಾರ್ಥಿ ರೋಹಿತ್ ವೇಮುಲ ೨೦೧೬ರ ಜನವರಿ ೧೭ರಂದು ತನ್ನ ಜೀವವನ್ನು ತಾನೇ ಕಳೆದುಕೊಂಡ ಬಳಿಕ ಎದ್ದ ವಿದ್ಯಾರ್ಥಿ ಚಳವಳಿಯನ್ನು ಅದು ಹಿಂಬಾಲಿಸುತ್ತದೆ. ಮಗನನ್ನು ಕಳೆದುಕೊಂಡ ತಾಯಿ ಸಭೆಗಳಲ್ಲಿ ನಿಂತು ಮಾತನಾಡುವುದನ್ನು ನೋಡುವಾಗ ನಮ್ಮ ಮನೆಯಲ್ಲಿ ಯಾರೂ ತುಟಿಪಿಟಕ್ಕೆನ್ನಲಿಲ್ಲ. ಜಾತಿಯ ವಿಷಯ ಬಂದಾಗ ನಾವು ಸುಮ್ಮನಾಗುವುದು ಹೊಸದಲ್ಲ.

ಇಂಥ ಚಿತ್ರಗಳು ನಮ್ಮ ಹುಳುಕನ್ನು ಪರದೇಶದವರಿಗೆ ತೋರಿಸುತ್ತವೆ ಎಂಬ ಆಕ್ಷೇಪವನ್ನು ಬಸವನಗುಡಿಯ ಹಿರಿಯ ಮಿತ್ರರೊಬ್ಬರು ಎತ್ತಿದರು. ಅವರ ಮಾತಿನಲ್ಲಿ ಸ್ವಲ್ಪ ಹುರುಳಿದೆ. ಅವುಗಳಲ್ಲಿ ಕೆಲವಕ್ಕೆ ಹೊರಗಿನ ದೂರದರ್ಶನ ಸಂಸ್ಥೆಗಳ ಹಣ ಬಂದದ್ದು ನಿಜ. ಆದರೆ ಯುಗಾಂತರದ ಚಿತ್ರಗಳನ್ನು ತೆಗೆದದ್ದು ಸಂಘದ ಸಭೆಗಳಲ್ಲಿ ಹೆಂಗಸರಿಗೆ ತೋರಿಸಿ ಚರ್ಚಿಸಲೆಂದು. ಕಾಲಾಂತರದಲ್ಲಿ ಅವುಗಳ ಪ್ರತಿಗಳು ಸವೆದು ಮರೆಯಾಗುತ್ತಿದ್ದಾಗ ಅವನ್ನು ಶುದ್ಧಗೊಳಿಸಿ ಉಳಿಸಿಕೊಟ್ಟದ್ದು ಬರ್ಲಿನ್ ನಗರದ ಆರ್ಸೆನಲ್ ಎಂಬ ಚಲನಚಿತ್ರ ಸಂಸ್ಥೆ. ನಿಪ್ಪಾಣಿಯ ಹೆಂಗಸರ ಮುಖಗಳನ್ನು ಕಾಪಾಡಲು ಜರ್ಮನಿಯವರು ಬೇಕಾದರು. ತಾಳೆಗರಿಗಳ ವಿಷಯದಲ್ಲಿಯೂ ನಾವು ಮಾಡಿಕೊಂಡದ್ದು ಇದನ್ನೇ ಅಲ್ಲವೇ ಎಂದು ಮಿತ್ರರನ್ನು ಕೇಳಿದೆ. ಅವರು ಮಾತು ಬದಲಿಸಿದರು. ಈ ಚಿತ್ರಗಳ ಹಿಂದಿನ ಕಣ್ಣಾಗಿದ್ದ ನವ್ರೋಜ್ ಕಾಂಟ್ರಾಕ್ಟರ್ ಅವರು ೨೦೨೩ರ ಜೂನ್ ತಿಂಗಳಲ್ಲಿ ಹೊಸೂರಿನ ಬಳಿ ರಸ್ತೆ ಅಪಘಾತದಲ್ಲಿ ತೀರಿಕೊಂಡರು.

ನಮ್ಮ ಓಣಿಯ ಅಕ್ಕನ ಬಳಗದ ಸೋದರಿಯರು ಈ ಸಂಗತಿಗಳನ್ನು ನಮ್ಮ ಮನೆಯವರಿಂದ ಕೇಳಿ, ಬರುವ ತಿಂಗಳು ನಿಪ್ಪಾಣಿಯ ಚಿತ್ರವನ್ನೂ ೧೯೯೧ರ ಚಿತ್ರವನ್ನೂ ಒಟ್ಟಿಗೆ ಕುಳಿತು ನೋಡುವುದೆಂದು ನಿಶ್ಚಯಿಸಿದ್ದಾರೆ. ಮೊದಲನೆಯದರ ಮರಾಠಿಯನ್ನು ಕನ್ನಡದಲ್ಲಿ ಹೇಳಿಕೊಡಲು ನನಗೆ ಆಹ್ವಾನ ಬಂದಿದೆ. ಎರಡನೆಯದು ಆರಂಭವಾಗುವ ಹೊತ್ತಿಗೆ ನಾನು ಹೊರಡಬೇಕೆಂದೂ, ಚಹಾವನ್ನು ಹೊರಗಿನ ಜಗಲಿಗೇ ಕಳುಹಿಸಿಕೊಡುವುದಾಗಿಯೂ ತಿಳಿಸಿದ್ದಾರೆ.